ಪ್ವಾಂಕಾರೆಯ ಕಲ್ಪಿತ ಜಗತ್ತು

ತ್ರಿಭುಜದ ಮೂರು ಕೋನಗಳ ಮೊತ್ತ ಎರಡು ಲಂಬಕೋನಗಳಿಗೆ, ಎಂದರೆ 180 ಡಿಗ್ರಿಗಳಿಗೆ ಸಮ ಎಂಬುದು ರೇಖಾಗಣಿತವನ್ನು ಓದಿದವರಿಗೆಲ್ಲ ತಿಳಿದ ಮಾತು. ಅದರ ಸಾಧನೆಯೂ ಕಷ್ಟವಾದುದಲ್ಲ. ತ್ರಿಭುಜದ ಶೃಂಗದ ಮೂಲಕ ಪಾದಕ್ಕೆ ಸಮಾಂತರವಾಗಿ ಒಂದು ರೇಖೆಯನ್ನೆಳೆದು, ಪರ್ಯಾಯ ಕೋನಗಳನ್ನು ಗುರುತಿಸಿದರೆ ಎರಡು ಮೂರು ಸಾಲುಗಳಲ್ಲಿ ಮುಗಿದುಹೋಗುತ್ತದೆ. ಆದರೆ ಆ ಸಾಧನೆಯೊಳಗೆ ಒಂದು ನಂಬಿಕೆ ಸದ್ದಿಲ್ಲದೆ ಸೇರಿಕೊಂಡಿದೆ. ಒಂದು ಸರಳರೇಖೆಗೆ, ಅದರ ಹೊರಗಿರುವ ಒಂದು ಬಿಂದುವಿನ ಮೂಲಕ, ಒಂದೇ ಒಂದು ಸಮಾಂತರ ರೇಖೆಯನ್ನು ಎಳೆಯಬಹುದು ಎಂಬುದೇ ಆ ನಂಬಿಕೆ. ಇದು ನಿಜವೆಂದು ಹೇಗೆ ತಿಳಿಯಬೇಕು? ಕಾಗದದ ಮೇಲೆ ಹಾಗೆ ಕಾಣುತ್ತದೆಯೆನ್ನಬಹುದು. ಸಮಾಂತರ ರೇಖೆಗಳು ಎಷ್ಟು ದೂರ ಬೆಳೆಸಿದರೂ ಕೂಡುವುದಿಲ್ಲ ಎನ್ನುವಾಗ ಆ 'ಎಷ್ಟು ದೂರ'ಕ್ಕೆ ಕೊನೆಯಿಲ್ಲ, ಕಾಗದಕ್ಕಾದರೋ ಕೊನೆಯಿದೆ.

ಕ್ರಿ.ಪೂ. 300ರ ಸುಮಾರಿನಲ್ಲಿ ಅಲೆಕ್ಸಾಂಡ್ರಿಯ ನಗರದಲ್ಲಿದ್ದ ಯೂಕ್ಲಿಡ್, 'ಮೂಲತತ್ತ್ವಗಳು' ಎಂಬ ತನ್ನ ಹದಿಮೂರು ಭಾಗಗಳ ಗ್ರಂಥದಲ್ಲಿ ರೇಖಾಗಣಿತವನ್ನೆಲ್ಲ ಐದು ಆಧಾರ ಪ್ರತಿಜ್ಞೆಗಳ ಮೇಲೆ ಕಟ್ಟಿದನು. ಎರಡು ಬಿಂದುಗಳನ್ನು ಸರಳರೇಖೆಯಿಂದ ಸೇರಿಸಬಹುದು, ಲಂಬಕೋನಗಳೆಲ್ಲ ಪರಸ್ಪರ ಸಮ - ಹೀಗೆ ಮೊದಲ ನಾಲ್ಕೂ ಕೇಳಿದೊಡನೆ ಒಪ್ಪಿಕೊಳ್ಳುವಂಥವು. ಐದನೆಯದು ಮಾತ್ರ ಉದ್ದವಾದುದು, ತೊಡಕಿನದು. ಮೇಲೆ ಹೇಳಿದ ನಂಬಿಕೆಯೇ ಬೇರೆ ಮಾತುಗಳಲ್ಲಿ ಅಲ್ಲಿ ಕುಳಿತಿದೆ. ಯೂಕ್ಲಿಡನಿಗೂ ಅದರ ಬಗ್ಗೆ ಹಿಂಜರಿಕೆ ಇದ್ದಿರಬೇಕು. ಮೊದಲ ಭಾಗದ 28 ಪ್ರಮೇಯಗಳನ್ನು ಅದರ ನೆರವಿಲ್ಲದೆಯೇ ಸಾಧಿಸಿ, 29ನೆಯದರಲ್ಲಿ ಮೊದಲ ಬಾರಿಗೆ ಅದನ್ನು ಬಳಸಿಕೊಂಡನು. ಅವನ ತರುವಾಯ ಎರಡು ಸಾವಿರ ವರ್ಷಗಳ ಕಾಲ ಗಣಿತಜ್ಞರು ಈ ಐದನೆಯ ಪ್ರತಿಜ್ಞೆಯನ್ನು ಉಳಿದ ನಾಲ್ಕರಿಂದಲೇ ಸಾಧಿಸಿ ತೋರಿಸಲು ಹೆಣಗಿದರು. ಇಟಲಿಯ ಸಕ್ಕೇರಿ ಎಂಬ ಪಾದ್ರಿ 1733ರಲ್ಲಿ, ಪ್ರತಿಜ್ಞೆ ಸುಳ್ಳೆಂದು ಇಟ್ಟುಕೊಂಡರೆ ಯಾವ ಅಸಂಬದ್ಧತೆ ತಲೆದೋರುತ್ತದೆ ನೋಡೋಣವೆಂದು ಹೊರಟು, ಅಸಂಬದ್ಧತೆಗೆ ಬದಲಾಗಿ ಒಂದರ ಮೇಲೊಂದು ವಿಚಿತ್ರ ಪ್ರಮೇಯಗಳನ್ನೇ ಕಂಡನು. ಕಡೆಗೆ ಅವು ಸರಳರೇಖೆಯ ಸ್ವಭಾವಕ್ಕೆ ಒಗ್ಗುವುದಿಲ್ಲವೆಂದು ಹೇಳಿ ಪುಸ್ತಕವನ್ನು ಮುಗಿಸಿಬಿಟ್ಟನು. ಹೊಸ ನಾಡಿನ ದಡವನ್ನು ಮುಟ್ಟಿ, ಇಳಿಯದೆ ಹಿಂದಿರುಗಿದವನ ಕಥೆ ಅವನದು.

ಆ ದಡದಲ್ಲಿ ಇಳಿದವರು ಇಬ್ಬರು. ರಷ್ಯದ ಕಜಾನ್ ವಿಶ್ವವಿದ್ಯಾನಿಲಯದ ಲೊಬಚೆವ್‌ಸ್ಕಿ 1829ರಲ್ಲಿಯೂ, ಹಂಗೆರಿಯ ಯುವಕ ಯಾನೋಶ್ ಬೊಲ್ಯಾಯಿ 1832ರಲ್ಲಿಯೂ, ಒಬ್ಬರನ್ನೊಬ್ಬರು ಅರಿಯದೆ, ಒಂದೇ ಹೊಸ ರೇಖಾಗಣಿತವನ್ನು ಪ್ರಕಟಿಸಿದರು. ಅದರಲ್ಲಿ ಒಂದು ರೇಖೆಗೆ ಹೊರಗಿನ ಬಿಂದುವಿನ ಮೂಲಕ ಎಣಿಕೆಯಿಲ್ಲದಷ್ಟು ಸಮಾಂತರ ರೇಖೆಗಳಿವೆ. ತ್ರಿಭುಜದ ಕೋನಗಳ ಮೊತ್ತ ಯಾವಾಗಲೂ 180 ಡಿಗ್ರಿಗಿಂತ ಕಡಿಮೆ. ಬೊಲ್ಯಾಯಿಯ ತಂದೆ ತಾನೂ ಗಣಿತಜ್ಞನೇ. ಸಮಾಂತರ ರೇಖೆಗಳ ಗೊಡವೆಗೆ ಹೋಗಿ ಬಾಳನ್ನು ಹಾಳುಮಾಡಿಕೊಳ್ಳಬೇಡವೆಂದು ಮಗನಿಗೆ ಅಂಗಲಾಚಿ ಬರೆದಿದ್ದನು. ಅವನ ಅಂಜಿಕೆ ಸುಳ್ಳಾಗಲಿಲ್ಲ. ಮಗನ ಬರಹವನ್ನು ಅಂದಿನ ಗಣಿತದ ಮೇರುವಾದ ಗೌಸನಿಗೆ ಕಳುಹಿಸಿದಾಗ, ಇದನ್ನು ಹೊಗಳಿದರೆ ತನ್ನನ್ನೇ ಹೊಗಳಿಕೊಂಡಂತಾಗುತ್ತದೆ, ಏಕೆಂದರೆ ಇದೆಲ್ಲ ತನಗೆ ಬಹುಕಾಲದಿಂದ ಹೊಳೆದಿದ್ದುದೇ ಎಂದು ಆತ ಉತ್ತರ ಬರೆದನು. ಮಂದಮತಿಗಳ ಗದ್ದಲಕ್ಕೆ ಅಂಜಿ ಗೌಸ್ ತನ್ನ ವಿಚಾರಗಳನ್ನು ಬಾಯಿಬಿಡದೆ ಇಟ್ಟುಕೊಂಡಿದ್ದನು. ನೊಂದ ಬೊಲ್ಯಾಯಿ ಮತ್ತೆ ಗಣಿತದಲ್ಲಿ ಏನನ್ನೂ ಪ್ರಕಟಿಸಲಿಲ್ಲ. ಲೊಬಚೆವ್‌ಸ್ಕಿಯಾದರೋ ಹಟ ಬಿಡದೆ ಬರೆಯುತ್ತಲೇ ಹೋದನು. ಕಣ್ಣು ಕಾಣದಾದ ಮೇಲೆ ಹೇಳಿ ಬರೆಸಿದನು. ಆದರೆ ಅವನು 1856ರಲ್ಲಿ ತೀರಿಕೊಂಡಾಗಲೂ ಅವನ ರೇಖಾಗಣಿತಕ್ಕೆ ಮನ್ನಣೆಯಿರಲಿಲ್ಲ. ಅವನೇ ಅದಕ್ಕೆ 'ಕಲ್ಪಿತ ರೇಖಾಗಣಿತ' ಎಂದು ಹೆಸರಿಟ್ಟಿದ್ದನು. 1868ರಲ್ಲಿ ಇಟಲಿಯ ಬೆಲ್‌ಟ್ರಾಮಿ, ಯೂಕ್ಲಿಡನ ರೇಖಾಗಣಿತದಲ್ಲಿ ವಿರೋಧಾಭಾಸವಿಲ್ಲದಿದ್ದರೆ ಇದರಲ್ಲಿಯೂ ಇಲ್ಲವೆಂದು ತೋರಿಸಿದ ಮೇಲೆ ಗಣಿತಜ್ಞರಿಗೆ ನೆಮ್ಮದಿಯಾಯಿತು. ಉಳಿದವರಿಗೆ ಆಗಲಿಲ್ಲ. ತರ್ಕಕ್ಕೆ ಸರಿಯಿದ್ದರೇನು, ಇಂಥದೊಂದನ್ನು ಕಣ್ಣಮುಂದೆ ತಂದುಕೊಳ್ಳುವುದು ಹೇಗೆ?

ಈ ಪ್ರಶ್ನೆಗೆ ಉತ್ತರವನ್ನು ಕೊಟ್ಟವನು ಫ್ರಾನ್ಸಿನ ಆನ್ರಿ ಪ್ವಾಂಕಾರೆ. 1854ರಲ್ಲಿ ನಾನ್ಸಿ ಎಂಬ ಊರಿನಲ್ಲಿ ಹುಟ್ಟಿದ ಈತ ಗಣಿತ, ಭೌತವಿಜ್ಞಾನ, ಖಗೋಳವಿಜ್ಞಾನಗಳಲ್ಲಿ ಒಂದೇ ಸಮನೆ ದುಡಿದ ಅಸಾಮಾನ್ಯ ಪ್ರತಿಭಾವಂತ. ಲೊಬಚೆವ್‌ಸ್ಕಿಯ ರೇಖಾಗಣಿತ ಅವನಿಗೆ ಬರಿಯ ಕುತೂಹಲದ ವಸ್ತುವಾಗಿರಲಿಲ್ಲ. 1880ರಲ್ಲಿ ಒಂದು ಪ್ರವಾಸದ ನಡುವೆ, ಕೂತಾನ್ಸ್ ಎಂಬಲ್ಲಿ ಪ್ರಯಾಣಿಕರ ಬಂಡಿಯ ಮೆಟ್ಟಿಲ ಮೇಲೆ ಕಾಲಿಡುತ್ತಿದ್ದಾಗ, ತಾನು ವಾರಗಟ್ಟಲೆ ಹೆಣಗುತ್ತಿದ್ದ ಸಮಸ್ಯೆಯೊಂದರ ಮೂಲದಲ್ಲಿ ಇದೇ ರೇಖಾಗಣಿತವಿದೆ ಎಂಬುದು ಅವನಿಗೆ ಥಟ್ಟನೆ ಹೊಳೆಯಿತೆಂದು ಮುಂದೆ ಅವನೇ ಬರೆದಿದ್ದಾನೆ. 1902ರಲ್ಲಿ ಪ್ರಕಟವಾದ 'ವಿಜ್ಞಾನ ಮತ್ತು ಊಹೆ' ಎಂಬ ಪುಸ್ತಕದಲ್ಲಿ ಅವನು ಸಾಮಾನ್ಯ ಓದುಗರಿಗಾಗಿ ಒಂದು ಜಗತ್ತನ್ನು ಕಲ್ಪಿಸಿದನು.

ಈ ಜಗತ್ತು ಒಂದು ದೊಡ್ಡ ಗೋಳದೊಳಗೆ ಅಡಗಿದೆ. ಅದರ ಕೇಂದ್ರದಲ್ಲಿ ಉಷ್ಣತೆ ಅತ್ಯಧಿಕ. ಹೊರಹೊರಗೆ ಸಾಗಿದಂತೆ ಅದು ಕಡಿಮೆಯಾಗುತ್ತ ಹೋಗಿ ಗೋಳದ ಮೈಯಲ್ಲಿ ನಿರಪೇಕ್ಷ ಶೂನ್ಯವನ್ನು ಮುಟ್ಟುತ್ತದೆ. ಕಡಿಮೆಯಾಗುವುದಕ್ಕೂ ಒಂದು ನಿಯಮವುಂಟು. ಗೋಳದ ತ್ರಿಜ್ಯದ ವರ್ಗದಿಂದ, ಕೇಂದ್ರಕ್ಕೂ ಒಂದು ಬಿಂದುವಿಗೂ ಇರುವ ದೂರದ ವರ್ಗವನ್ನು ಕಳೆಯಬೇಕು. ಆ ಬಿಂದುವಿನ ಉಷ್ಣತೆ ಉಳಿದ ಸಂಖ್ಯೆಗೆ ಅನುಪಾತದಲ್ಲಿರುತ್ತದೆ. ಅಲ್ಲಿನ ವಸ್ತುಗಳೆಲ್ಲ, ಕಬ್ಬಿಣವಾಗಲಿ, ಮರವಾಗಲಿ, ಮೈಯ ಮಾಂಸವಾಗಲಿ, ಉಷ್ಣತೆಗೆ ತಕ್ಕಂತೆ ಒಂದೇ ಪ್ರಮಾಣದಲ್ಲಿ ಹಿಗ್ಗುತ್ತವೆ, ಕುಗ್ಗುತ್ತವೆ. ಒಂದೆಡೆಯಿಂದ ಇನ್ನೊಂದೆಡೆಗೆ ಹೋದ ವಸ್ತು ಆ ಕ್ಷಣವೇ ಅಲ್ಲಿನ ಉಷ್ಣತೆಯನ್ನು ಪಡೆದುಬಿಡುತ್ತದೆ. ಇಷ್ಟೇ ಆ ಜಗತ್ತಿನ ಕಟ್ಟಳೆ. ಅಲ್ಲಿನ ಜೀವಿಗಳು ಚಳಿಗೆ ನಡುಗುವುದಿಲ್ಲವೆ ಎಂಬ ಪ್ರಶ್ನೆಯನ್ನು ಇಲ್ಲಿ ಬದಿಗಿಡಬೇಕು. ಪ್ವಾಂಕಾರೆಗೆ ಬೇಕಾದುದು ಹಿಗ್ಗುವಿಕೆ, ಕುಗ್ಗುವಿಕೆಗಳು. ಉಷ್ಣತೆ ಅದಕ್ಕೊಂದು ನೆಪ.

ಸಂಖ್ಯೆಗಳನ್ನಿಟ್ಟು ನೋಡಿದರೆ ವಿಷಯ ತಿಳಿಯಾಗುತ್ತದೆ. ಗೋಳದ ತ್ರಿಜ್ಯ 100 ಮೀಟರ್ ಇರಲಿ. ಕೇಂದ್ರದಲ್ಲಿ 1 ಮೀಟರ್ ಉದ್ದವಿರುವ ಅಳತೆಗೋಲನ್ನು ಹಿಡಿದು ಒಂದು ಜೀವಿ ಹೊರಗಿನ ಗೋಡೆಯತ್ತ ಹೊರಡಲಿ. 50 ಮೀಟರ್ ದೂರದಲ್ಲಿ ಆ ಕೋಲು 75 ಸೆಂಟಿಮೀಟರ್ ಆಗಿರುತ್ತದೆ, 80 ಮೀಟರ್ ದೂರದಲ್ಲಿ 36 ಸೆಂಟಿಮೀಟರ್, 90ರಲ್ಲಿ 19, 99ರಲ್ಲಿ ಸುಮಾರು 2 ಸೆಂಟಿಮೀಟರ್. ಜೀವಿಗೆ ಇದಾವುದೂ ತಿಳಿಯುವುದಿಲ್ಲ. ಅದರ ಗೇಣು, ಮೊಳ, ಹೆಜ್ಜೆಗಳೆಲ್ಲ ಕೋಲಿನ ಜೊತೆಗೇ ಕಿರಿದಾಗುತ್ತಿರುವುದರಿಂದ, ಕೋಲು ಅದರ ಕೈಗೆ ಯಾವಾಗಲೂ ಮೊದಲಿನಷ್ಟೇ ಉದ್ದ.

ಹಾಗಾದರೆ ಗೋಡೆಯನ್ನು ಸೇರಲು ಎಷ್ಟು ಕೋಲು ದೂರ ನಡೆಯಬೇಕು? ಲೆಕ್ಕ ಹಾಕಿದರೆ, ಮೊದಲ 90 ಮೀಟರ್ ದಾಟಲು ಸುಮಾರು 147 ಕೋಲು ಬೇಕು. ಉಳಿದಿರುವುದು ಹತ್ತೇ ಮೀಟರ್. ಆದರೆ ಅದರಲ್ಲಿ ಒಂಬತ್ತು ಮೀಟರ್ ಸಾಗಿ 99ನೆಯ ಮೀಟರನ್ನು ಮುಟ್ಟಲು ಮತ್ತೆ 117 ಕೋಲು ನಡೆಯಬೇಕಾಗುತ್ತದೆ. ಉಳಿದ ಒಂದು ಮೀಟರಿನಲ್ಲಿ ಹತ್ತರಲ್ಲಿ ಒಂಬತ್ತು ಪಾಲನ್ನು ದಾಟಲು 115 ಕೋಲು. ಅನಂತರ ಉಳಿಯುವ ಹತ್ತು ಸೆಂಟಿಮೀಟರಿನ ಹತ್ತರಲ್ಲಿ ಒಂಬತ್ತು ಪಾಲಿಗೆ ಇನ್ನೂ 115. ಉಳಿದುದರ ಹತ್ತನೆಯ ಒಂದು ಪಾಲು ಯಾವಾಗಲೂ ಉಳಿದೇ ಇರುತ್ತದೆ, ಪ್ರತಿ ಸಲವೂ ಅಷ್ಟೇ ನಡಿಗೆಯನ್ನು ಕೇಳುತ್ತದೆ. ಜನ್ಮವೆಲ್ಲ ನಡೆದರೂ ಗೋಡೆ ಸಿಕ್ಕುವುದಿಲ್ಲ. ಹೊರಗೆ ನಿಂತು ನೋಡುವವನಿಗೆ ಅದು ನೂರು ಮೀಟರಿನ ಗೋಳ. ಒಳಗಿರುವವರಿಗೆ ಅದು ಅನಂತ ಜಗತ್ತು.

ಇನ್ನು ಅಲ್ಲಿನ ಸರಳರೇಖೆ ಎಂಥದು? ಎರಡು ಸ್ಥಳಗಳ ನಡುವಣ ಅತ್ಯಂತ ಹತ್ತಿರದ ದಾರಿಯೇ ಸರಳರೇಖೆ ಎಂದು ಅಲ್ಲಿಯವರೂ ಹೇಳುತ್ತಾರೆ. ಕೆಸರುಗದ್ದೆಯನ್ನು ದಾಟಬೇಕಾದ ರೈತ ನಟ್ಟನಡುವೆ ಕಾಲು ಹೂತುಕೊಳ್ಳುತ್ತ ಹೋಗುವುದಿಲ್ಲ. ಕೊಂಚ ಬಳಸಾದರೂ ಬದುವಿನ ಮೇಲೆ ಹೋದರೆ ಬೇಗ ತಲಪುತ್ತಾನೆ. ಆ ಜಗತ್ತಿನಲ್ಲಿಯೂ ಹಾಗೆ. ಕೇಂದ್ರದ ಕಡೆ ಹೆಜ್ಜೆಗಳು ಉದ್ದವಾಗುವುದರಿಂದ, ಸ್ವಲ್ಪ ಒಳಗೆ ಬಾಗಿ ನಡೆದರೆ ಕಡಿಮೆ ಹೆಜ್ಜೆಗಳಲ್ಲಿ ಊರು ಸೇರಬಹುದು. ಕೇಂದ್ರದಿಂದ ಒಂದು ಸ್ಥಳ ಪೂರ್ವಕ್ಕೆ 80 ಮೀಟರ್, ಇನ್ನೊಂದು ಉತ್ತರಕ್ಕೆ 80 ಮೀಟರ್ ದೂರದಲ್ಲಿದ್ದರೆ, ನಮ್ಮ ದೃಷ್ಟಿಯ ನೇರ ದಾರಿ 204 ಕೋಲು ಆಗುತ್ತದೆ. ಕೇಂದ್ರವನ್ನು ಹಾಯ್ದು ಹೋದರೆ 220 ಕೋಲು. ಅದು ಅತಿಯಾದ ಬಳಸು. ಈ ಎರಡರ ನಡುವೆ, ಕೇಂದ್ರದಿಂದ 40 ಮೀಟರ್ ಹತ್ತಿರದವರೆಗೆ ಒಳಬಾಗಿ ಹೊರಳುವ ಒಂದು ಕಮಾನು ದಾರಿ ಇದೆ. ಅದರ ಉದ್ದ 186 ಕೋಲು ಮಾತ್ರ. ಅದೇ ಅಲ್ಲಿಯವರ ಸರಳರೇಖೆ. ಆ ಕಮಾನು ಒಂದು ವೃತ್ತದ ಭಾಗ. ಅದನ್ನು ಎರಡೂ ಕಡೆ ಬೆಳೆಸಿದರೆ ಗೋಳದ ಮೈಯನ್ನು ಲಂಬವಾಗಿ ಸಂಧಿಸುತ್ತದೆ. ಅಲ್ಲಿನ ಸರಳರೇಖೆಗಳೆಲ್ಲ ಹೀಗೆಯೇ. ಕೇಂದ್ರದ ಮೂಲಕ ಹಾಯುವವು ಮಾತ್ರ ನಮಗೂ ನೇರವಾಗಿ ಕಾಣುತ್ತವೆ.

ಬಾಗಿದ ದಾರಿಯನ್ನು ಕಣ್ಣಾದರೂ ಪತ್ತೆ ಹಚ್ಚದೆ? ಪ್ವಾಂಕಾರೆ ಅದಕ್ಕೂ ಎಡೆಗೊಡಲಿಲ್ಲ. ಗಾಜು, ನೀರುಗಳಲ್ಲಿ ಬೆಳಕು ಬಾಗುವಂತೆ ಆ ಜಗತ್ತಿನಲ್ಲಿಯೂ ಅದು ಬಾಗುತ್ತದೆ. ವಕ್ರೀಭವನದ ಪ್ರಮಾಣವನ್ನು ಅವನು ಎಂಥದಾಗಿ ಇಟ್ಟನೆಂದರೆ, ಬೆಳಕಿನ ಕಿರಣವೂ ಅದೇ ಕಮಾನನ್ನು ಹಿಡಿದು ಸಾಗುತ್ತದೆ. ದಾರಿಯುದ್ದಕ್ಕೂ ನೆಟ್ಟ ಕಂಬಗಳು ಅಲ್ಲಿಯವರ ಕಣ್ಣಿಗೆ ಒಂದರ ಹಿಂದೊಂದು ಮರೆಯಾಗಿ ನಿಲ್ಲುತ್ತವೆ. ನೇರವೆನ್ನುವುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ನಮಗಾದರೂ ಏನಿದೆ?

ಈಗ ಕೇಂದ್ರವನ್ನೂ ಮೇಲಿನ ಎರಡು ಸ್ಥಳಗಳನ್ನೂ ಸೇರಿಸಿ ಒಂದು ತ್ರಿಭುಜವಾಯಿತೆನ್ನೋಣ. ಕೇಂದ್ರದಲ್ಲಿರುವ ಕೋನ 90 ಡಿಗ್ರಿ. ಉಳಿದೆರಡು, ನಮ್ಮ ಲೆಕ್ಕದಲ್ಲಾದರೆ, 45 ಡಿಗ್ರಿ ಇರಬೇಕಾಗಿತ್ತು. ಬಾಹು ಒಳಬಾಗಿರುವುದರಿಂದ ಅವು ಒಂದೊಂದೂ ಸುಮಾರು ಹನ್ನೆರಡೂವರೆ ಡಿಗ್ರಿಗೆ ಇಳಿಯುತ್ತವೆ. ಮೊತ್ತ 115 ಡಿಗ್ರಿ. ತ್ರಿಭುಜ ಚಿಕ್ಕದಾದಷ್ಟೂ ಮೊತ್ತ 180ಕ್ಕೆ ಸಮೀಪಿಸುತ್ತದೆ, ದೊಡ್ಡದಾದಷ್ಟೂ ಇಳಿಯುತ್ತದೆ. ಶೃಂಗಗಳನ್ನು ದೂರ ದೂರ ತಳ್ಳಿದರೆ ಮೂರು ಕೋನಗಳೂ ಸೂಜಿಯ ಮೊನೆಯಂತಾಗಿ ಮೊತ್ತ ಸೊನ್ನೆಯನ್ನೇ ಸಮೀಪಿಸುತ್ತದೆ. ಇನ್ನೂ ಅಚ್ಚರಿಯ ಸಂಗತಿಯೆಂದರೆ, ಆ ಜಗತ್ತು ಅನಂತವಾದರೂ ಅದರ ಯಾವ ತ್ರಿಭುಜದ ವಿಸ್ತೀರ್ಣವೂ ಒಂದು ಮಿತಿಯನ್ನು ದಾಟಲಾರದು. ನಮ್ಮ ಉದಾಹರಣೆಯಲ್ಲಿ ಆ ಮಿತಿ 7,854 ಚದರ ಕೋಲು. ಎರಡು ಎಕರೆಗೂ ಕಡಿಮೆ!

ಸಮಾಂತರ ರೇಖೆಗಳ ವಿಷಯವನ್ನು ಹೆಚ್ಚು ವಿವರಿಸಬೇಕಾಗಿಲ್ಲ. ಕೇಂದ್ರದ ಮೂಲಕ ಹಾಯುವ ಒಂದು ವ್ಯಾಸವನ್ನೆಳೆದು ಅದರ ಹೊರಗೆ ಒಂದು ಬಿಂದುವನ್ನು ಗುರುತಿಸಿದರೆ, ಆ ಬಿಂದುವಿನ ಮೂಲಕ ಹೋಗುವ ಕಮಾನುಗಳಲ್ಲಿ ವ್ಯಾಸವನ್ನು ಎಲ್ಲಿಯೂ ಸಂಧಿಸದೆ ಗೋಡೆಯತ್ತ ಸಾಗುವಂಥವು ಎಷ್ಟು ಬೇಕಾದರೂ ಸಿಕ್ಕುತ್ತವೆ. ಲೊಬಚೆವ್‌ಸ್ಕಿ, ಬೊಲ್ಯಾಯಿಯರು ತರ್ಕದಿಂದ ಕಂಡುದು ಇಲ್ಲಿ ಚಿತ್ರವಾಗಿ ನಿಂತಿದೆ.

ವೃತ್ತವೂ ಇಲ್ಲಿ ತನ್ನ ಹಳೆಯ ಗುಣವನ್ನು ಕಳೆದುಕೊಳ್ಳುತ್ತದೆ. ಕೇಂದ್ರದ ಸುತ್ತ 50 ಮೀಟರ್ ದೂರದಲ್ಲಿ ಒಂದು ಸುತ್ತು ಬಂದರೆ ಪರಿಧಿ 314 ಮೀಟರ್. ಅಲ್ಲಿನ ಕೋಲು ಮುಕ್ಕಾಲು ಮೀಟರ್ ಇರುವುದರಿಂದ ಅದು 419 ಕೋಲು ಆಗುತ್ತದೆ. ವ್ಯಾಸವನ್ನು ಅವರೇ ಅಳೆದರೆ 110 ಕೋಲು. ಪರಿಧಿಯನ್ನು ವ್ಯಾಸದಿಂದ ಭಾಗಿಸಿದರೆ ಬರುವುದು 3.14 ಅಲ್ಲ, 3.8. ಇನ್ನೂ ಹೊರಗೆ, 90 ಮೀಟರಿನ ಸುತ್ತಿನಲ್ಲಿ, ಅದೇ ಭಾಗಲಬ್ಧ 10ನ್ನು ಮೀರುತ್ತದೆ. ಅಲ್ಲಿನ ಶಾಲೆಗಳಲ್ಲಿ ಪರಿಧಿಗೂ ವ್ಯಾಸಕ್ಕೂ ಇರುವ ನಿಷ್ಪತ್ತಿಯನ್ನು ಒಂದೇ ಸಂಖ್ಯೆಯಾಗಿ ಬಾಯಿಪಾಠ ಮಾಡಿಸುವಂತಿಲ್ಲ.

ಈ ಜಗತ್ತನ್ನು ಕಣ್ಣಾರೆ ನೋಡಬೇಕೆನ್ನುವವರು ಹಾಲೆಂಡಿನ ಚಿತ್ರಕಾರ ಎಶರ್ 1959ರಲ್ಲಿ ಮರದ ಅಚ್ಚಿನಿಂದ ಮುದ್ರಿಸಿದ 'ವೃತ್ತಮಿತಿ - ಮೂರು' ಎಂಬ ಚಿತ್ರವನ್ನು ನೋಡಬಹುದು. ಒಂದು ವೃತ್ತದ ತುಂಬ ಮೀನುಗಳು. ನಡುವೆ ದೊಡ್ಡವು, ಅಂಚಿನತ್ತ ಸಾಗಿದಂತೆ ಕಿರಿದಾಗಿ ಕಣ್ಣಿಗೆ ಕಾಣದಷ್ಟು ಸಣ್ಣವು. ಪ್ವಾಂಕಾರೆಯ ಜೀವಿ ತನ್ನ ಕೋಲಿನಿಂದ ಅಳೆದರೆ ಆ ಮೀನುಗಳೆಲ್ಲ ಒಂದೇ ಅಳತೆಯವು. ಎಶರ್ ಗಣಿತವನ್ನು ಕಲಿತವನಲ್ಲ. ಕೆನಡದ ಗಣಿತಜ್ಞ ಕಾಕ್ಸೆಟರ್ ಕಳುಹಿಸಿದ ಲೇಖನದಲ್ಲಿದ್ದ ಒಂದು ಆಕೃತಿಯನ್ನು ನೋಡಿ ಈ ರಚನೆಯ ದಾರಿ ಹಿಡಿದವನು.

ಇಷ್ಟಾದ ಮೇಲೆ ಮುಖ್ಯ ಪ್ರಶ್ನೆ ಉಳಿದೇ ಇದೆ. ತಾವು ಕುಗ್ಗುತ್ತ ಹಿಗ್ಗುತ್ತ ಇದ್ದೇವೆಂಬುದನ್ನು ಆ ಜೀವಿಗಳು ಯಾವ ಪ್ರಯೋಗದಿಂದಲಾದರೂ ಕಂಡುಹಿಡಿಯಬಲ್ಲರೆ? ಉಷ್ಣಮಾಪಕವನ್ನು ಬಳಸಬಹುದಲ್ಲ ಎಂದು ತೋರಬಹುದು. ಆದರೆ ನಮ್ಮ ಉಷ್ಣಮಾಪಕ ಕೆಲಸ ಮಾಡುವುದು ಅದರ ಪಾದರಸ ಗಾಜಿಗಿಂತ ಹೆಚ್ಚು ಹಿಗ್ಗುವುದರಿಂದ. ಅಲ್ಲಿ ಗಾಜೂ ಪಾದರಸವೂ ಒಂದೇ ಪ್ರಮಾಣದಲ್ಲಿ ಹಿಗ್ಗುತ್ತವೆ. ಪಾದರಸ ಇದ್ದ ಗುರುತಿನಲ್ಲಿಯೇ ಇರುತ್ತದೆ. ಬಿಸಿಲಿಗೆ ಕಬ್ಬಿಣದ ಕಂಬಿ ಬೆಳೆದುದು ನಮಗೆ ತಿಳಿಯುವುದು ಪಕ್ಕದಲ್ಲಿ ಅಷ್ಟು ಬೆಳೆಯದ ಮರದ ಕೋಲು ಇರುವುದರಿಂದ. ಎಲ್ಲವನ್ನೂ ಒಂದೇ ತೆರನಾಗಿ ಬದಲಿಸುವ ಕಾರಣವೊಂದಿದ್ದರೆ ಅದನ್ನು ಹಿಡಿಯಲು ಹೋಲಿಕೆಯ ವಸ್ತುವೇ ಇರುವುದಿಲ್ಲ. ಆದುದರಿಂದ ಆ ಜಗತ್ತಿನ ಯೂಕ್ಲಿಡ್, ತ್ರಿಭುಜದ ಕೋನಗಳ ಮೊತ್ತ ಎರಡು ಲಂಬಕೋನಗಳಿಗಿಂತ ಕಡಿಮೆ ಎಂದೇ ಬರೆಯುತ್ತಾನೆ. ಅಲ್ಲಿ ಯಾರಾದರೂ ಎದ್ದು, "ಮೊತ್ತ 180 ಡಿಗ್ರಿಯೇ, ಆದರೆ ನಮ್ಮ ಕೋಲುಗಳು ಕುಗ್ಗುತ್ತಿವೆ, ಬೆಳಕು ಬಾಗುತ್ತಿದೆ" ಎಂದರೆ ಅವನನ್ನು ಹುಚ್ಚನೆಂದು ಕರೆದಾರು. ಅವನ ಮಾತನ್ನು ಸುಳ್ಳೆಂದು ತೋರಿಸಲು ಮಾತ್ರ ಅವರಿಂದಾಗದು.

ಕಥೆಯ ಮೊನೆ ನಮ್ಮ ಕಡೆಗೇ ತಿರುಗುವುದು ಇಲ್ಲಿ. ಭೂಮಿಯ ಮೇಲಿನವರ ಸ್ಥಿತಿಯೂ ಅದೇ ಅಲ್ಲವೆ? ದೂರದ ನಕ್ಷತ್ರಗಳನ್ನು ಶೃಂಗಗಳಾಗಿ ಉಳ್ಳ ಒಂದು ಮಹಾತ್ರಿಭುಜವನ್ನು ಅಳೆದಾಗ ಕೋನಗಳ ಮೊತ್ತ 180 ಡಿಗ್ರಿಗೆ ಹೊಂದದೆ ಹೋದರೆ ಏನು ಹೇಳಬೇಕು? ಯೂಕ್ಲಿಡ್ ತಪ್ಪಿದನೆನ್ನಬಹುದು; ಇಲ್ಲವೆ ಬೆಳಕು ನೇರವಾಗಿ ಬರಲಿಲ್ಲವೆನ್ನಬಹುದು. ಅಳತೆ ಎರಡರಲ್ಲಿ ಯಾವುದನ್ನೂ ನಮ್ಮ ಮೇಲೆ ಹೇರುವುದಿಲ್ಲ. ಪ್ವಾಂಕಾರೆಯ ತೀರ್ಪು ಸ್ಪಷ್ಟವಾಗಿತ್ತು: ಒಂದು ರೇಖಾಗಣಿತ ಮತ್ತೊಂದಕ್ಕಿಂತ ಹೆಚ್ಚು ಸತ್ಯವೆನ್ನುವುದಕ್ಕೆ ಅರ್ಥವಿಲ್ಲ, ಹೆಚ್ಚು ಅನುಕೂಲವೆನ್ನಬಹುದು, ಅಷ್ಟೆ. ಯೂಕ್ಲಿಡನದು ಅತ್ಯಂತ ಸರಳವಾದುದರಿಂದ ಅದನ್ನು ಕೈಬಿಡುವ ಸಂದರ್ಭ ಎಂದೂ ಬರಲಾರದೆಂದು ಅವನು ನಂಬಿದ್ದನು. ಮೊದಲನೆಯ ಮಾತು ಇಂದಿಗೂ ತತ್ತ್ವಜ್ಞರನ್ನು ಕಾಡುತ್ತಿದೆ. ಎರಡನೆಯದನ್ನು ಕಾಲ ಒಪ್ಪಲಿಲ್ಲ.

ಏಕೆಂದರೆ ಎಲ್ಲ ವಸ್ತುಗಳನ್ನೂ ಒಂದೇ ತೆರನಾಗಿ ನಡೆಸುವ ಕಾರಣವೊಂದು ನಿಜವಾಗಿಯೂ ಪ್ರಕೃತಿಯಲ್ಲಿದೆ. ಅದು ಗುರುತ್ವ. ಗಾಳಿಯ ಅಡ್ಡಿಯಿಲ್ಲದೆಡೆಯಲ್ಲಿ ಕಲ್ಲೂ ಗರಿಯೂ ಸಮನಾಗಿ ಬೀಳುತ್ತವೆ. 1971ರಲ್ಲಿ ಅಪೊಲೊ 15ರ ಗಗನಯಾತ್ರಿ ಡೇವಿಡ್ ಸ್ಕಾಟ್ ಚಂದ್ರನ ಮೇಲೆ ಒಂದು ಸುತ್ತಿಗೆಯನ್ನೂ ಒಂದು ಗರಿಯನ್ನೂ ಒಟ್ಟಿಗೆ ಕೈಬಿಟ್ಟು ಇದನ್ನು ತೋರಿಸಿದನು. ಯಾವ ವಸ್ತುವನ್ನೂ ಬಿಡದೆ, ಯಾವುದಕ್ಕೂ ಭೇದವೆಣಿಸದೆ ನಡೆಸುವ ಇಂಥದನ್ನು ಬಲವೆಂದು ಏಕೆ ಕರೆಯಬೇಕು, ವಸ್ತುಗಳು ನೆಲೆಸಿರುವ ದೇಶ-ಕಾಲದ ರೇಖಾಗಣಿತವೆಂದೇ ಏಕೆ ಹೇಳಬಾರದು ಎಂದು ಐನ್‌ಸ್ಟೈನ್ ಯೋಚಿಸಿದನು. 1915ರಲ್ಲಿ ಪೂರ್ಣರೂಪಕ್ಕೆ ಬಂದ ಅವನ ಸಾಮಾನ್ಯ ಸಾಪೇಕ್ಷತಾ ಸಿದ್ಧಾಂತದಲ್ಲಿ ಯೂಕ್ಲಿಡನ ರೇಖಾಗಣಿತಕ್ಕೆ ಬದಲಾಗಿ, ದ್ರವ್ಯವಿರುವೆಡೆಯಲ್ಲಿ ಬಾಗುವ ರೇಖಾಗಣಿತ ಬಂದು ಕುಳಿತಿತು. ಪ್ವಾಂಕಾರೆಯ ಗೋಳದಲ್ಲಿ ಎಲ್ಲೆಡೆಯೂ ಒಂದೇ ಸಮನಾಗಿರುವ ಬಾಗು, ಇಲ್ಲಿ ಸೂರ್ಯ, ನಕ್ಷತ್ರಗಳ ಬಳಿ ಹೆಚ್ಚು, ದೂರದಲ್ಲಿ ಕಡಿಮೆ. ಲೆಕ್ಕವೇನೋ ಜಟಿಲವಾಯಿತು, ಆದರೆ ಗುರುತ್ವವೆಂಬ ಬೇರೆಯ ಬಲವೊಂದನ್ನು ಹೇಳಬೇಕಾದ ಅಗತ್ಯ ತಪ್ಪಿತು. ಅನುಕೂಲವೆಂಬುದನ್ನು ತೂಗುವಾಗ ರೇಖಾಗಣಿತವೊಂದನ್ನೇ ತಕ್ಕಡಿಯಲ್ಲಿಟ್ಟರೆ ಸಾಲದು, ಭೌತವಿಜ್ಞಾನವನ್ನೂ ಜೊತೆಗೆ ಇಡಬೇಕೆಂಬುದು ಇದರಿಂದ ಗೊತ್ತಾಯಿತು.

ಪರೀಕ್ಷೆಗೆ ಬಹಳ ಕಾಲ ಕಾಯಬೇಕಾಗಲಿಲ್ಲ. 1919ರ ಮೇ 29ರಂದು ಪೂರ್ಣ ಸೂರ್ಯಗ್ರಹಣವಾಯಿತು. ಇಂಗ್ಲೆಂಡಿನ ಖಗೋಳಜ್ಞರು ಆಫ್ರಿಕದ ಪಶ್ಚಿಮ ಕರಾವಳಿಯಾಚೆಯ ಪ್ರಿನ್ಸಿಪೆ ದ್ವೀಪದಿಂದಲೂ ಬ್ರೆಜಿಲ್ ದೇಶದ ಸೊಬ್ರಾಲ್ ಊರಿನಿಂದಲೂ ಸೂರ್ಯನ ಅಂಚಿನ ನಕ್ಷತ್ರಗಳ ಛಾಯಾಚಿತ್ರಗಳನ್ನು ತೆಗೆದರು. ನಕ್ಷತ್ರಗಳ ಬೆಳಕು ಸೂರ್ಯನ ಬಳಿ ಹಾಯುವಾಗ 1.75 ಸೆಕೆಂಡುಗಳಷ್ಟು ಕೋನದಲ್ಲಿ ಓಸರಿಸಬೇಕೆಂದು ಐನ್‌ಸ್ಟೈನನ ಗಣನೆ. ಒಂದು ಡಿಗ್ರಿಯನ್ನು 3,600 ಪಾಲು ಮಾಡಿದರೆ ಸಿಕ್ಕುವುದು ಒಂದು ಸೆಕೆಂಡು. ಅಳತೆಗಳು ಆ ಗಣನೆಯ ಕಡೆಗೇ ವಾಲಿದವು. ಬೆಳಕು ಬಾಗಿತೆಂದು ಅಂದು ಪತ್ರಿಕೆಗಳು ಬರೆದವು. ಬಾಗಿದ ದೇಶದಲ್ಲಿ ಬೆಳಕು ತನ್ನ ಪಾಲಿನ ನೇರ ದಾರಿಯನ್ನೇ ಹಿಡಿಯಿತೆಂಬುದು ಐನ್‌ಸ್ಟೈನನ ಸಿದ್ಧಾಂತದ ಭಾಷೆ. 1912ರಲ್ಲಿಯೇ ತೀರಿಕೊಂಡಿದ್ದ ಪ್ವಾಂಕಾರೆ ಆ ಛಾಯಾಚಿತ್ರಗಳನ್ನು ನೋಡಿದ್ದರೆ, ಬಹುಶಃ, ಪತ್ರಿಕೆಗಳ ಮಾತನ್ನೇ ಆರಿಸಿಕೊಳ್ಳುತ್ತಿದ್ದನು.